ಕೂಲರಿನ ತಂಪು, ಗೋಡೆಯ ತೇವ

ಯಾದಗಿರಿ, ಶಹಾಪುರ, ಸುರಪುರಗಳೆಂದರೆ ಬಿಸಿಲಿನ ನಾಡು. ಇಲ್ಲಿ ತೇವದ ಕಾಟವೆಂದರೆ ನಂಬುವವರು ಕಡಿಮೆ. ಆದರೆ ಕಳೆದ ಮಳೆಗಾಲದಲ್ಲಿ ಶಹಾಪುರದ ನಮ್ಮ ಮನೆಯಲ್ಲಿ ಅಬ್ಬಾ ಓದುತ್ತಿದ್ದ ಕುರ್‌ಆನ್ ಪ್ರತಿಗೆ ಬೂಷ್ಟು ಹಿಡಿಯಿತು. ಅಮ್ಮಿಯ ದಮ್ಮೂ ಹೆಚ್ಚಿತು. ತೇವ ಹೀರುವ ಯಂತ್ರ ಕೊಳ್ಳಲು ಹೊರಟೆವು.

ಮೊದಲು ತೇವಮಾಪಕ ತಂದಿಟ್ಟರೆ ಶೇ. 80! ತಪ್ಪು ನಮ್ಮದೇ. ಬೇಸಿಗೆ ಮುಗಿದರೂ ಕಿಟಕಿ ಮುಚ್ಚಿ ಕೂಲರ್ ಹಚ್ಚುತ್ತಿದ್ದೆವು. ಕೂಲರ್ ನೀರನ್ನು ಆವಿಯಾಗಿಸಿಯೇ ಗಾಳಿಯನ್ನು ತಂಪು ಮಾಡುತ್ತದೆ. ಆ ಆವಿ ಹೊರಹೋಗಲು ದಾರಿ ಬೇಕಲ್ಲವೇ? ಕೂಲರ್ ನಿಲ್ಲಿಸಿದೆವು, ಒದ್ದೆ ಬಟ್ಟೆ ಹೊರಗೆ ಹಾಕಿದೆವು, ಮಳೆ ಬಿಟ್ಟಾಗ ಕಿಟಕಿ ತೆರೆದೆವು. ಕೆಲವೇ ದಿನಗಳಲ್ಲಿ ಮುಳ್ಳು 60ರ ಕೆಳಗಿಳಿಯಿತು.

ಕರಾವಳಿಯವರಿಗೆ ಯಂತ್ರ ಬೇಕಾದೀತು. ಕೊಳ್ಳುವಾಗ ದಿನಕ್ಕೆ ಎಷ್ಟು ಲೀಟರ್ ಹೀರುತ್ತದೆಂದು ಕೇಳಲಿ. ನಮಗೆ ಉಳಿದ ಹಣ ಅಮ್ಮಿಯ ಔಷಧಿಗಾಯಿತು.