ನಿಲ್ಲದ ಹಾಡು

ಪಶ್ಚಿಮ ಆಫ್ರಿಕದ ಕ್ರೈಸ್ತ ಭಕ್ತಿಗೀತೆಗಳನ್ನು ಒಂದಕ್ಕೊಂದು ಪೋಣಿಸಿ, ನಡುವೆ ಬಿಡುವೇ ಇಲ್ಲದಂತೆ ಗಂಟೆಗಟ್ಟಲೆ ಹರಿಸುವ ಧ್ವನಿಮುದ್ರಿಕೆಗಳಿವೆ. ಹೀಗೆ ಪೋಣಿಸುವವರನ್ನು ಡಿಜೆ ಎನ್ನುತ್ತಾರೆ. ಆ ಕಡೆಯ ಒಂದು ಭಾಷೆಯೂ ಬಾರದ ನನಗೆ ಇದರ ಹುಚ್ಚು ಹಿಡಿಸಿದವನು ಗಲ್ಫಿನಲ್ಲಿರುವ ನನ್ನ ಸೋದರಳಿಯ. ಅವನ ಜೊತೆ ಕೆಲಸ ಮಾಡುವವನೊಬ್ಬ ನೈಜೀರಿಯದವನಂತೆ. ಈಗ ಅಡಿಕೆ ಸುಲಿಯುವ ಹೊತ್ತಿಗೆ ನನಗೆ ಇದೇ ಸಂಗಾತಿ.

ಒಂದು ಹಾಡು ಮುಗಿಯುವ ಮೊದಲೇ ಡಿಜೆ ಮುಂದಿನದನ್ನು ತನ್ನ ಕಿವಿಗೆ ಮಾತ್ರ ಕೇಳಿಸಿಕೊಂಡು, ಎರಡರ ಲಯವನ್ನೂ ಹೊಂದಿಸಿ, ಒಂದನ್ನು ಮೆಲ್ಲನೆ ತಗ್ಗಿಸಿ ಇನ್ನೊಂದನ್ನು ಏರಿಸುತ್ತಾನೆ. ಒಬ್ಬರು ಹೇಳಿಕೊಟ್ಟದ್ದನ್ನು ಗುಂಪು ತಿರುಗಿ ಹಾಡುತ್ತದೆ. ಏಕಾಹ ಭಜನೆ ಕೇಳಿ ಬೆಳೆದ ಕಿವಿಗೆ ಇದು ಹೊಸತಲ್ಲ. ಅಲ್ಲಿಯೂ ತಂಡ ಬದಲಾಗುತ್ತದೆ, ತಾಳ ನಿಲ್ಲುವುದಿಲ್ಲ.

ಆದರೆ ನನ್ನನ್ನು ಹಿಡಿದು ಕೂರಿಸಿದ್ದು ಅದರೊಳಗಿನ ಭಾಷೆಗಳು. ಲೋಕವೆಲ್ಲ ಹಾಡಿದ ಸಿನಾಚ್ ಅವರ 2015ರ ಇಂಗ್ಲಿಷ್ ಗೀತೆ 'ವೇ ಮೇಕರ್' ಮುಗಿಯುತ್ತಲೇ ಇಗ್ಬೊ ಹಾಡು ಬರಬಹುದು, ಅದರ ಬೆನ್ನಿಗೇ ಯೊರೂಬಾ, ಘಾನಾದ ಟ್ವಿ. ಯಾವುದೂ ಇನ್ನೊಂದಕ್ಕೆ ತಲೆಬಾಗಿ ನಿಲ್ಲುವುದಿಲ್ಲ.

ಈ ಸಲಿಗೆ ಸುಮ್ಮನೆ ಬಂದದ್ದಲ್ಲ. ಯೊರೂಬಾದಲ್ಲಿ ಸ್ವರದ ಏರಿಳಿತವೇ ಅರ್ಥ. 'ಒಕೊ' ಎಂಬುದು ಸ್ವರ ಬದಲಾದಂತೆ ಗಂಡ, ಗುದ್ದಲಿ, ವಾಹನ ಎಂದಾಗುತ್ತದೆ. 19ನೆಯ ಶತಮಾನದ ಮಿಷನ್ ಚರ್ಚುಗಳಲ್ಲಿ ಇಂಗ್ಲಿಷ್ ಸ್ತೋತ್ರಗಳನ್ನು ಯೊರೂಬಾಕ್ಕೆ ಅನುವಾದಿಸಿ, ಯುರೋಪಿನ ಧಾಟಿಯಲ್ಲೇ ಹಾಡಿಸಿದರು. ಪದ ಊರಿನದು, ಏರಿಳಿತ ಪರದೇಶದ್ದು, ಅರ್ಥ ಕೆಟ್ಟಿತು. ಮುಂದೆ ಅಲ್ಲಿಯವರೇ ಮಾತಿಗೆ ಒಪ್ಪುವ ಧಾಟಿಗಳನ್ನು ಕಟ್ಟಿಕೊಂಡರು. ಲಾಗೋಸಿನ ಕೆಥೆಡ್ರಲಿನಲ್ಲಿ ಆರ್ಗನ್ ನುಡಿಸುತ್ತಿದ್ದ ಎಕುಂಡಾಯೊ ಫಿಲಿಪ್ಸ್ ಅವರಲ್ಲೊಬ್ಬರು. ಯೊರೂಬಾ ಸಂಗೀತದ ಬಗ್ಗೆ ಅವರು ಬರೆದ ಪುಸ್ತಕ 1953ರಲ್ಲಿ ಹೊರಬಂತು.

ಇದನ್ನು ತಿಳಿದ ಮೇಲೆ ನನಗೆ ನಮ್ಮ ಮನೆಯದೇ ಚಿಂತೆ ಹತ್ತಿತು. ಸಪ್ತಭಾಷೆಗಳ ನಾಡೆಂದು ನಾವು ಹೆಮ್ಮೆಪಡುತ್ತೇವೆ. ಕನ್ನಡ ಶಾಲೆ, ಕನ್ನಡ ಪುಸ್ತಕಗಳಿಗಾಗಿ ಮನವಿಗಳನ್ನು ಬರೆಯುತ್ತೇವೆ, ಬರೆಯಲೇಬೇಕು. ಆದರೆ ನನ್ನ ಮೊಮ್ಮಗಳು ಕನ್ನಡ ಪದ್ಯವನ್ನು ಇಂಗ್ಲಿಷ್ ರೈಮಿನ ಧಾಟಿಯಲ್ಲಿ ಒಪ್ಪಿಸುತ್ತಾಳೆ. ಒಂದು ಪದವೂ ತಪ್ಪುವುದಿಲ್ಲ. ಕೇಳುತ್ತಿದ್ದರೆ ಮಾತ್ರ ಕನ್ನಡ ಎನಿಸುವುದಿಲ್ಲ.

ಪದವನ್ನು ಶಾಲೆ ಕಲಿಸೀತು. ಧಾಟಿ ಬರಬೇಕಾದದ್ದು ತೊಟ್ಟಿಲ ಬುಡದಿಂದ, ಮದುವೆಯ ಶೋಭಾನೆಯಿಂದ, ಮುಸ್ಸಂಜೆಯ ಭಜನೆಯಿಂದ. ಅದಕ್ಕೆ ಯಾವ ಸರಕಾರದ ಅಪ್ಪಣೆಯೂ ಬೇಡ.