ನಾದ-ಕಾಲ ವಿಶ್ವವಿದ್ಯಾನಿಲಯ

ಪರೀಕ್ಷಾ ಕೊಠಡಿಯ ಮೇಲ್ವಿಚಾರಣೆಗಿಂತ ದೀರ್ಘವಾದ ತಪಸ್ಸು ಅಧ್ಯಾಪಕನ ಬಾಳಿನಲ್ಲಿ ಮತ್ತೊಂದಿಲ್ಲ. ಓದುವಂತಿಲ್ಲ, ಬರೆಯುವಂತಿಲ್ಲ, ಪಕ್ಕದ ಕೊಠಡಿಯ ಮಿತ್ರರೊಡನೆ ಹರಟುವಂತಿಲ್ಲ. ಮೊಬೈಲಂತೂ ಪ್ರಾಂಶುಪಾಲರ ಬೀರುವಿನಲ್ಲಿ ಬಂದಿ. ಮೂರು ಗಂಟೆಗಳ ಕಾಲ ನಮಗೆ ಸಂಗಾತಿಗಳೆಂದರೆ ಎರಡೇ: ಗೋಡೆಯ ಗಡಿಯಾರ ಮತ್ತು ಸದ್ದುಗಳು. ಲೇಖನಿಗಳ ಸರಪರ, ಫ್ಯಾನಿನ ಗೊಣಗಾಟ, ಯಾರದೋ ನಿಟ್ಟುಸಿರು, ಅರ್ಧ ಗಂಟೆಗೊಮ್ಮೆ ಜವಾನ ಬಾರಿಸುವ ಗಂಟೆ. ಕಳೆದ ವಾರ ಹೀಗೆ ನಿಂತಿದ್ದಾಗಲೇ ನಾನೊಂದು ವಿಶ್ವವಿದ್ಯಾನಿಲಯವನ್ನು ಸ್ಥಾಪಿಸಿದೆ.

ನಗಬೇಡಿ. ಕನ್ನಡಕ್ಕೆಂದು ಹಂಪಿಯಲ್ಲಿ, ಜಾನಪದಕ್ಕೆಂದು ಹಾವೇರಿ ಜಿಲ್ಲೆಯ ಗೊಟಗೋಡಿಯಲ್ಲಿ, ಸಂಗೀತಕ್ಕೆಂದು ಮೈಸೂರಿನಲ್ಲಿ ವಿಶ್ವವಿದ್ಯಾನಿಲಯಗಳಿರುವಾಗ ನಾದಕ್ಕೂ ಕಾಲಕ್ಕೂ ಸೇರಿ ಒಂದಿದ್ದರೆ ತಪ್ಪೇನು? ಬಣ್ಣವನ್ನು ಗೋಡೆಯ ಮೇಲೆ ನಿಲ್ಲಿಸಬಹುದು, ಶಿಲೆಯನ್ನು ಊರ ನಡುವೆ ನಿಲ್ಲಿಸಬಹುದು. ಸದ್ದು ಮಾತ್ರ ಹುಟ್ಟಿದ ಕೂಡಲೇ ಕಾಲದ ಪಾಲು. ಆದುದರಿಂದ ಇವೆರಡನ್ನೂ ಒಂದೇ ಸೂರಿನಡಿ ಕಲಿಸತಕ್ಕದ್ದೆಂದು ನಾನೇ ಕುಲಪತಿಯಾಗಿ ಆಜ್ಞೆ ಹೊರಡಿಸಿದೆ.

ಮೊದಲನೆಯ ವಿಭಾಗವನ್ನು ಆರ್ಯಭಟನಿಗೆ ಒಪ್ಪಿಸಿದೆ. ಕ್ರಿ.ಶ. 499ರಲ್ಲಿ ಅವನಿಗೆ 23 ವರ್ಷ. 'ಆರ್ಯಭಟೀಯ'ದಲ್ಲಿ ಆತ ಕಾಲವನ್ನು ಅಳೆದುದು ಅಕ್ಷರದಿಂದ. 60 ಗುರು ಅಕ್ಷರಗಳನ್ನು ಉಚ್ಚರಿಸಲು ಬೇಕಾಗುವ ಹೊತ್ತೇ ಒಂದು ವಿಘಳಿಗೆ. 60 ವಿಘಳಿಗೆಗೆ ಒಂದು ಘಳಿಗೆ, 60 ಘಳಿಗೆಗೆ ಒಂದು ದಿನ. ಇಂದಿನ ಲೆಕ್ಕದಲ್ಲಿ ವಿಘಳಿಗೆಯೆಂದರೆ ಸುಮಾರು 24 ಸೆಕೆಂಡು. ಮಣಿಕಟ್ಟಿಗೆ ಗಡಿಯಾರ ಬರುವ ಮುನ್ನ ಮನುಷ್ಯನ ನಾಲಗೆಯೇ ಗಡಿಯಾರವಾಗಿತ್ತು!

ಎರಡನೆಯ ವಿಭಾಗಕ್ಕೆ ಅಮೆರಿಕದ ಹಾರ್ವರ್ಡಿನಲ್ಲಿ ಭೌತಶಾಸ್ತ್ರದ ಅಧ್ಯಾಪಕನಾಗಿದ್ದ ವ್ಯಾಲೆಸ್ ಸೇಬೈನ್. 1895ರಲ್ಲಿ ಅಲ್ಲಿನ ಹೊಸ ಉಪನ್ಯಾಸ ಮಂದಿರವೊಂದರಲ್ಲಿ ಯಾರು ಏನು ಹೇಳಿದರೂ ತಿಳಿಯುತ್ತಿರಲಿಲ್ಲ. ಆಡಿದ ಮಾತು ಸುಮಾರು ಐದೂವರೆ ಸೆಕೆಂಡು ಅನುರಣಿಸಿ ಮುಂದಿನ ಮಾತುಗಳನ್ನು ನುಂಗಿಹಾಕುತ್ತಿತ್ತು. ಈ ತರುಣನು ಊರು ಮಲಗಿದ ಮೇಲೆ ಆರ್ಗನ್ ವಾದ್ಯದ ಕೊಳವೆಯೊಂದನ್ನು ನುಡಿಸಿ, ಸದ್ದು ಅಡಗುವವರೆಗಿನ ಹೊತ್ತನ್ನು ಅಳೆದ. ಬೇರೊಂದು ರಂಗಮಂದಿರದ ಆಸನಗಳ ಮೆತ್ತೆಗಳನ್ನು ತರಿಸಿ ಹರಡಿ, ಮತ್ತೆ ಅಳೆದ. ಸಭಾಭವನ ಕಟ್ಟುವವರು ಅನುರಣನದ ಅವಧಿಯನ್ನು ಲೆಕ್ಕಹಾಕಲು ಕಲಿತದ್ದು ಅವನಿಂದಲೇ. ಐದೂವರೆ ಸೆಕೆಂಡು! ನನ್ನ ತರಗತಿಯಲ್ಲಿ ನನ್ನ ಮಾತು ಅರ್ಧ ಸೆಕೆಂಡು ಉಳಿದುದಕ್ಕೂ ಉತ್ತರಪತ್ರಿಕೆಗಳಲ್ಲಿ ಸಾಕ್ಷ್ಯ ದೊರೆತಿಲ್ಲ.

ಮೂರನೆಯದು ತಾಳ್ಮೆಯ ವಿಭಾಗ. ಜರ್ಮನಿಯ ಹಾಲ್ಬರ್‌ಸ್ಟಾಟ್ ಎಂಬ ಊರಿನ ಹಳೆಯ ಚರ್ಚೊಂದರಲ್ಲಿ ಜಾನ್ ಕೇಜ್ ಎಂಬ ಸಂಗೀತಗಾರನ ಕೃತಿಯೊಂದನ್ನು 639 ವರ್ಷಗಳ ಕಾಲ ನುಡಿಸಲು ಹೊರಟಿದ್ದಾರೆ. ಆರಂಭವಾದುದು 2001ರ ಸೆಪ್ಟೆಂಬರ್ 5ರಂದು, ಮುಗಿಯಬೇಕಾದುದು 2640ರಲ್ಲಿ. ಕೃತಿಯ ಮೊದಲಲ್ಲೇ ವಿರಾಮವಿದ್ದುದರಿಂದ ಮೊದಲ 17 ತಿಂಗಳು ಬರಿಯ ಮೌನ! ಈ ವಿಭಾಗಕ್ಕೆ ಸೇರಲು ವಿದ್ಯಾರ್ಥಿಗಳು ಸಿಗಬಹುದು. ಪದವೀಧರರು ಹೊರಬರುವುದು ಕಷ್ಟ.

ನಾಲ್ಕನೆಯದು ನನ್ನ ಸ್ವಂತ ವಿಭಾಗ: ಮಾತ್ರೆಗಳದು. ಇಲ್ಲಿನ ಪ್ರಾಧ್ಯಾಪಕರನ್ನು 'ಪಾಣಿನೀಯ ಶಿಕ್ಷೆ'ಯೇ ನೇಮಿಸಿಟ್ಟಿದೆ. ಒಂದು ಮಾತ್ರೆಗೆ ನೀಲಕಂಠ ಪಕ್ಷಿ, ಎರಡಕ್ಕೆ ಕಾಗೆ, ಮೂರಕ್ಕೆ ನವಿಲು. ಅರ್ಧ ಮಾತ್ರೆಗೆ ಮುಂಗುಸಿ. ಹ್ರಸ್ವಕ್ಕೆ ಒಂದು, ದೀರ್ಘಕ್ಕೆ ಎರಡು, ದೂರದವರನ್ನು ಕೂಗಿ ಕರೆಯುವಾಗಿನ ಪ್ಲುತಕ್ಕೆ ಮೂರು ಎಂದು ನಾನು ಪ್ರತಿ ವರ್ಷವೂ ಕಪ್ಪು ಹಲಗೆಯ ಮೇಲೆ ಬರೆಯುತ್ತೇನೆ. ಅದನ್ನು ನನಗೆ ಮೊದಲು ಕಲಿಸಿದವರು ನನ್ನ ತಂದೆ.

ಅವರು ಪ್ರಾಥಮಿಕ ಶಾಲೆಯ ಮೇಷ್ಟರು. ಸಂಜೆ ಆರಾಮಕುರ್ಚಿಯ ತೋಳಿನ ಮೇಲೆ ಬೆರಳು ತಟ್ಟುತ್ತ ಲಘು ಗುರುಗಳನ್ನು ನನ್ನ ಕಿವಿಗೆ ಹಾಕಿದರು. ನಾನು ಬೀದಿಯ ಕೊನೆಯಲ್ಲಿ ಆಡುತ್ತಿದ್ದರೆ ಬಾಗಿಲಲ್ಲಿ ನಿಂತು "ಮಗೂ…" ಎಂದು ಕರೆಯುತ್ತಿದ್ದರು. ಅದು ಸರಿಯಾಗಿ ಮೂರು ಮಾತ್ರೆ, ಹೆಚ್ಚಲ್ಲ, ಕಡಿಮೆಯಲ್ಲ.

ನಾಲ್ಕು ವರ್ಷಗಳ ಹಿಂದಿನ ಒಂದು ಸಂಜೆ ಒಳಕೋಣೆಯಿಂದ ಅದೇ ಕರೆ ಬಂದಿತು. ನಾನು ಉತ್ತರಪತ್ರಿಕೆಗಳ ಕಟ್ಟಿನ ಮುಂದೆ ಕುಳಿತಿದ್ದೆ. "ಬಂದೆ ಅಪ್ಪಾ, ಒಂದು ನಿಮಿಷ" ಎಂದೆ. ನಮ್ಮ ಮನೆಗಳಲ್ಲಿ ಒಂದು ನಿಮಿಷವೆಂದರೆ ಎಷ್ಟು ಕಾಲ ಎಂಬುದನ್ನು ಯಾವ ಆರ್ಯಭಟನೂ ನಿರ್ಣಯಿಸಿಲ್ಲ. ಕಟ್ಟು ಮುಗಿಸಿ ಎದ್ದಾಗ ನಲವತ್ತು ನಿಮಿಷಗಳಾಗಿದ್ದುವು. ಒಳಗೆ ಹೋಗಿ ನೋಡಿದರೆ ಅವರು ನಿದ್ರಿಸುತ್ತಿದ್ದರು. ಬೆಳಿಗ್ಗೆ ಕೇಳಿದರಾಯಿತೆಂದು ದೀಪ ಆರಿಸಿದೆ.

ಬೆಳಗಿನ ಜಾವ ಪಾರ್ಶ್ವವಾಯು ಬಡಿದು ಅವರ ಮಾತು ನಿಂತಿತು. ಆಸ್ಪತ್ರೆಯಲ್ಲಿದ್ದ ಹನ್ನೊಂದು ದಿನವೂ ನನ್ನ ಅಂಗೈಯ ಮೇಲೆ ಆಗಾಗ್ಗೆ ಬೆರಳು ತಟ್ಟುತ್ತಿದ್ದರು. ಒಮ್ಮೆ ಬೇಗ, ಒಮ್ಮೆ ತಡೆದು. ಕನ್ನಡ ಎಂ.ಎ. ಮಾಡಿ, ಎಷ್ಟೋ ಪದ್ಯಗಳಿಗೆ ಪ್ರಸ್ತಾರ ಹಾಕಿದವನು ನಾನು. ಆ ತಟ್ಟುವಿಕೆಗೆ ಪ್ರಸ್ತಾರ ಹಾಕಲು ನನ್ನಿಂದ ಆಗಲಿಲ್ಲ.

ಅವರ ಚಿತ್ರಗಳು ನನ್ನ ಮೊಬೈಲಿನಲ್ಲಿ ನೂರಾರಿವೆ. ದನಿ ಒಂದೂ ಇಲ್ಲ. ಈಗ ಆ ಕಂಠ ಹೇಗಿತ್ತೆಂದು ನೆನೆಯಹೊರಟರೆ ಅದು ಜಾರುತ್ತದೆ. ಕರೆಯ ಉದ್ದ ಮಾತ್ರ ನೆನಪಿದೆ.

ಕೊನೆಯ ಗಂಟೆ ಬಾರಿಸಿತು. ಉತ್ತರಪತ್ರಿಕೆಗಳನ್ನು ತೆಗೆದುಕೊಳ್ಳುತ್ತ ಬಂದಾಗ ಮೂರನೆಯ ಸಾಲಿನ ಹುಡುಗಿಯೊಬ್ಬಳು ತಲೆಯೆತ್ತದೆ ಬರೆಯುತ್ತಲೇ "ಒಂದು ನಿಮಿಷ ಸಾರ್" ಎಂದಳು. ನಿಯಮದಂತೆ ಕೊಡಬಾರದು, ಕೊಡಲಿಲ್ಲ. ಆದರೆ ಆ ಪತ್ರಿಕೆಯನ್ನು ಸೆಳೆದುಕೊಳ್ಳುವಾಗ ನನ್ನ ಕೈ ಎಂದಿನಂತಿರಲಿಲ್ಲ.

ಅಂದು ಸಂಜೆ ಮನೆಯಲ್ಲಿ ತರಗತಿಯ ಕಿರುಪರೀಕ್ಷೆಯ ಕಟ್ಟು ಬಿಚ್ಚಿ ಕುಳಿತಿದ್ದೆ. ಮಹಡಿಯಿಂದ ಆರು ವರ್ಷದ ಮಗಳ ಕೂಗು ಕೇಳಿತು: "ಅಪ್ಪಾ…" ಎಣಿಸಬೇಕಾಗಿರಲಿಲ್ಲ, ಮೂರು ಮಾತ್ರೆ. 'ಒಂದು ನಿಮಿಷ' ಎಂಬುದು ನಾಲಗೆಯ ತುದಿಗೆ ಬಂದಿತ್ತು. ಲೇಖನಿಯನ್ನು ಅರ್ಧ ವಾಕ್ಯದಲ್ಲೇ ಬಿಟ್ಟು ಮೆಟ್ಟಿಲು ಹತ್ತಿದೆ. ಒಂದು ವಿಘಳಿಗೆಯೂ ಹಿಡಿದಿರಲಾರದು.

ಅವಳು ತಂತಿಯ ಮೇಲೆ ಒಣಹಾಕಿದ್ದ ಸೀರೆಯ ಮರೆಯಲ್ಲಿ ನಿಂತಿದ್ದಳು. "ಏನು ಮಗೂ?" ಎಂದೆ.

"ಏನೂ ಇಲ್ಲ ಅಪ್ಪಾ, ಸುಮ್ಮನೆ ಕರೆದೆ" ಎಂದಳು.

ನಾನು ಅಲ್ಲಿಯೇ ತುಸುಹೊತ್ತು ಕುಳಿತೆ. ಅಂದು ಅವರು ಕರೆದುದೂ ಸುಮ್ಮನೆಯೇ ಇದ್ದಿರಬಹುದು.