ನಾಲ್ಕನೆಯ ಮಹಡಿಯ ಪಲ್ಲಕ್ಕಿ

ದೆಹಲಿಗೆ ಬಂದ ಹೊಸತರಲ್ಲಿ ನಾವು ಹೆದರಿದ್ದು ಚಳಿಗೆ, ಬಿಸಿಲಿಗೆ, ಬಸ್ಸಿನ ನೂಕುನುಗ್ಗಲಿಗೆ. ಕಾಲ ಕೆಳಗಿನ ನೆಲಕ್ಕೂ ಹೆದರಬೇಕೆಂದು ಯಾರೂ ಹೇಳಿರಲಿಲ್ಲ. ಊರಿನಿಂದ ಬಂದ ನೆಂಟರಿಗೆ ಕುತುಬ್ ಮಿನಾರ್ ತೋರಿಸುವಾಗ, 1803ರ ಭೂಕಂಪದಲ್ಲಿ ಅದರ ತುದಿಯ ಗುಮ್ಮಟ ಉರುಳಿದ ಕಥೆಯನ್ನು ನಾವೇ ಎಷ್ಟು ಸಲ ಹೇಳಿದ್ದೇವೋ! ಆಮೇಲೆ ಕೂರಿಸಿದ ಹೊಸ ಗುಮ್ಮಟ ಒಪ್ಪಲಿಲ್ಲವೆಂದು 1848ರಲ್ಲಿ ಕೆಳಗಿಳಿಸಿದರು. ಈಗಲೂ ಹುಲ್ಲಿನ ಮೇಲೆ ಕುಳಿತಿದೆ. ಕಥೆ ಹೇಳಿ, ಕಡಲೆಕಾಯಿ ತಿಂದು, ಮನೆಗೆ ಬರುತ್ತಿದ್ದೆವು.

2025ರ ಫೆಬ್ರವರಿ 17, ಬೆಳಗಿನ 5 ಗಂಟೆ 36 ನಿಮಿಷ. ನೆಲದೊಳಗಿಂದ ಗುಡುಗಿನಂಥ ಸದ್ದು. ಮಂಚ ನಡುಗಿತು; ಅಡುಗೆಮನೆಯ ಲೋಟಗಳು ಗಲಗಲ ಎಂದವು. ಪ್ರಮಾಣ ಬರೀ 4. ಆದರೆ ಕೇಂದ್ರ ಧೌಲಾ ಕುವಾಂ ಬಳಿ, ಐದೇ ಕಿಲೋಮೀಟರ್ ಆಳದಲ್ಲಿ. ಅಲುಗಾಟ ಕೆಲವೇ ಸೆಕೆಂಡು. ಅದು ನಿಂತರೂ ನಾವು ನಿಲ್ಲಲಿಲ್ಲ; ಮಗಳನ್ನು ಎತ್ತಿಕೊಂಡು ಬಾಗಿಲಿಗೆ ಓಡಿದೆವು. ಚಿಲಕ ತೆಗೆದ ಮೇಲೆ ಅಮ್ಮನ ನೆನಪಾಯಿತು. ಅದನ್ನು ಬರೆಯಲು ಇಂದಿಗೂ ನಾಚಿಕೆಯಾಗುತ್ತದೆ.

ಅಮ್ಮ ಹಾಸಿಗೆಯಲ್ಲೇ ಕುಳಿತಿದ್ದರು. “ನೀವು ಮಗೂನ ಕರ್ಕೊಂಡು ಇಳೀರಪ್ಪಾ. ನನ್ನ ಮೊಣಕಾಲು ನಾಲ್ಕು ಮಹಡಿ ಇಳಿಯೋ ಹೊತ್ತಿಗೆ ಭೂಮಿತಾಯಿಗೆ ಇನ್ನೊಂದು ನಿದ್ದೆ ಆಗಿರುತ್ತೆ” ಎಂದರು. ನಾವು ಚಿಲಕ ಹಾಕಿ ಅವರ ಪಕ್ಕದಲ್ಲಿ ಕುಳಿತೆವು. ಆಗ ತಲೆಯೆತ್ತಿ ನೋಡಿದರೆ, ಅವರ ಮಂಚದ ಮೇಲಿನ ಹಲಗೆಯಲ್ಲಿ ಕಬ್ಬಿಣದ ಟ್ರಂಕು, ಊರಿನಿಂದ ತಂದ ಉಪ್ಪಿನಕಾಯಿ ಭರಣಿ! ಅವನ್ನು ಅಲ್ಲಿಟ್ಟವರು ನಾವೇ.

ಆ ಭಾನುವಾರ ಎರಡನ್ನೂ ಇಳಿಸಿದೆವು. ಬೀರುವನ್ನು ಗೋಡೆಗೆ ಬಿಗಿಸಿದೆವು. ಹಾಸಿಗೆಯ ಬಳಿ ಟಾರ್ಚು, ಚಪ್ಪಲಿ, ಅಮ್ಮನ ಮಾತ್ರೆ ಇಟ್ಟೆವು. ನೆಲ ನಡುಗುವಾಗ ಓಡಬಾರದು, ಗಟ್ಟಿ ಮೇಜಿನ ಕೆಳಗೆ ತಲೆ ಕಾಯ್ದುಕೊಳ್ಳಬೇಕು, ನಿಂತ ಮೇಲೆ ಲಿಫ್ಟು ಬಿಟ್ಟು ಮೆಟ್ಟಿಲಲ್ಲಿ ಇಳಿಯಬೇಕು ಎಂಬುದನ್ನು ಮಗಳೇ ಶಾಲೆಯಲ್ಲಿ ಕಲಿತು ಬಂದು ನಮಗೆ ಪಾಠ ಹೇಳಿದಳು. ಯಮುನೆಯ ಮೆಕ್ಕಲು ಮಣ್ಣು ಅಲುಗಾಟವನ್ನು ಹೆಚ್ಚಿಸುತ್ತದೆ; ಹಿಮಾಲಯವೂ ಬಹಳ ದೂರವಿಲ್ಲ. ಈ ಪಾಠ ಒಂದು ದಿನದ್ದಲ್ಲ.

ಉಳಿದದ್ದು ಅಮ್ಮನ ಮೊಣಕಾಲು. ಕೆಳಮನೆಯ ಪಂಜಾಬಿ ಹುಡುಗರಿಬ್ಬರು, “ಮಾತಾಜಿಯನ್ನು ಕುರ್ಚಿಯಲ್ಲಿ ನಾವು ಇಳಿಸುತ್ತೇವೆ” ಎಂದು ತಾವಾಗಿಯೇ ಬಂದರು. ಒಂದು ಸಂಜೆ ಅಭ್ಯಾಸವೂ ನಡೆಯಿತು. ಕುರ್ಚಿಯ ಕೈ ಹಿಡಿದು ಇಳಿಯುತ್ತಾ ಅಮ್ಮ, “ಊರಲ್ಲಿ ದೇವರಿಗೆ ಮಾತ್ರ ಪಲ್ಲಕ್ಕಿ; ಇಲ್ಲಿ ನನಗೂ ಬಂತು” ಎಂದು ನಕ್ಕರು. ಕೆಳಗೆ ಎಲ್ಲರಿಗೂ ಚಹಾ ಆಯಿತು. ಹಿಂದೆ ಮೆಟ್ಟಿಲಲ್ಲಿ ಬರೀ ನಮಸ್ತೆ ಹೇಳುತ್ತಿದ್ದ ಮನೆಗಳವು.

ಓದುಗ ಬಂಧುಗಳೇ, ನಿಮ್ಮ ಮನೆಯ ಹಿರಿಯರ ಮಂಚದ ಮೇಲೆ ಏನಿದೆ? ಈ ಪುಟ ಮಡಿಸಿಟ್ಟು ಒಮ್ಮೆ ನೋಡಿ ಬನ್ನಿ.